ಒಳ್ಳೆಯವರಿಗೆ ಕಾಲವಿಲ್ಲವೇ?

ಮನುಷ್ಯನನ್ನು ಹೊಗಳುತ್ತಲೇ ಕೈಬಿಡುವ ಒಂದು ಮಾತು ಕನ್ನಡದಲ್ಲಿದೆ. 'ಪಾಪ, ತುಂಬಾ ಒಳ್ಳೆಯವನು' ಎನ್ನುತ್ತೇವೆ. 'ಪಾಪ, ತುಂಬಾ ಬುದ್ಧಿವಂತ' ಎಂದು ಯಾರೂ ಹೇಳಿದ್ದನ್ನು ನಾನು ಕೇಳಿಲ್ಲ. ಶ್ರೀಮಂತನನ್ನು ಕುರಿತಂತೂ ಹಾಗೆ ಹೇಳುವ ಪ್ರಶ್ನೆಯೇ ಇಲ್ಲ. ಒಳ್ಳೆಯತನಕ್ಕೆ ಮಾತ್ರ ನಾವು ಒಂದಿಷ್ಟು ಮರುಕವನ್ನು ಅಂಟಿಸಿಯೇ ಬಳಸುತ್ತೇವೆ. ಕರಾವಳಿಯ ಕಡೆ 'ಪಾಪದವನು' ಎಂದರೆ ಪಾಪ ಮಾಡಿದವನಲ್ಲ. ಯಾರ ತಂಟೆಗೂ ಹೋಗದ ಸಾಧು. ನಮ್ಮ ಗಾದೆಗಳೂ ಇದೇ ಜಾಡಿನವು. ಬಗ್ಗಿದವನಿಗೆ ಇನ್ನೊಂದು ಗುದ್ದು ಎನ್ನುತ್ತದೆ ಒಂದು. ಅಯ್ಯೋ ಎಂದರೆ ಆರು ತಿಂಗಳು ಆಯಸ್ಸು ಕಡಿಮೆ ಎಂದು ಎಚ್ಚರಿಸುತ್ತದೆ ಇನ್ನೊಂದು. ದಯೆಯಿಲ್ಲದ ಧರ್ಮವನ್ನೇ ಪ್ರಶ್ನಿಸಿದ ಬಸವಣ್ಣನವರ ನಾಡಿನಲ್ಲಿ, ದಯೆ ತೋರಿದವನ ಗತಿಯೇನು ಎಂಬ ಅನುಮಾನವೂ ಅಷ್ಟೇ ಗಟ್ಟಿಯಾಗಿ ಬೇರುಬಿಟ್ಟಿದೆ.

ಈ ಹಳೆಯ ಅನುಮಾನ ಈಗ ಹೊಸ ವೇಷದಲ್ಲಿ ಬಂದಿದೆ. ಬೆಂಗಳೂರಿನ ಪದವಿ ಕಾಲೇಜೊಂದರಲ್ಲಿ ಎರಡು ದಶಕಗಳಿಂದ ಪಾಠ ಹೇಳುತ್ತಿರುವ ನನಗೆ, ತರಗತಿ ಮುಗಿದ ಮೇಲೂ ವಿದ್ಯಾರ್ಥಿಗಳ ಜತೆ ನಿಂತು ಹರಟುವ ಅಭ್ಯಾಸವಿದೆ. ಪ್ರೀತಿ, ಸ್ನೇಹ, ಡೇಟಿಂಗ್ ಕುರಿತು ಅವರು ಈಗ ಮೇಷ್ಟರ ಮುಂದೆಯೂ ಸಂಕೋಚವಿಲ್ಲದೆ ಮಾತನಾಡುತ್ತಾರೆ. ಹುಡುಗರ ದೂರು ಹೀಗಿರುತ್ತದೆ: 'ಒಳ್ಳೇ ಹುಡುಗ ಅಂತ ಎಲ್ಲರೂ ಹೇಳ್ತಾರೆ ಸಾರ್, ಕಾಫಿಗೆ ಕರೆದರೆ ಮಾತ್ರ ಯಾರೂ ಬರೋಲ್ಲ. ಒರಟಾಗಿ ಮಾತಾಡೋನ ಹಿಂದೆ ನಾಲ್ಕು ಜನ ಇರ್ತಾರೆ.' ಹುಡುಗಿಯರ ದೂರು ಬೇರೆ: 'ನೋಟ್ಸ್ ಕೊಟ್ಟು ನಗುತ್ತಾ ಎರಡು ಮಾತಾಡಿದರೆ ಸಾಕು ಸಾರ್, ಮಾರನೇ ದಿನದಿಂದ ಮೆಸೇಜ್ ಶುರು. ಮುಖ ಗಂಟು ಹಾಕಿಕೊಂಡಿರೋದೇ ವಾಸಿ.'

ಎರಡೂ ದೂರುಗಳು ಬಂದು ನಿಲ್ಲುವುದು ಒಂದೇ ತೀರ್ಮಾನಕ್ಕೆ: ಒಳ್ಳೆಯತನದಿಂದ ನಷ್ಟ. ಇಪ್ಪತ್ತರ ಹರೆಯದವರು ಈ ಮಾತನ್ನು ಬೇಸರಕ್ಕೆ ಆಡಿ ಮರೆತುಬಿಟ್ಟರೆ ಚಿಂತೆಯಿಲ್ಲ. ಅದನ್ನೇ ಬದುಕಿನ ನೀತಿಯಾಗಿ ಮಾಡಿಕೊಂಡರೆ ಏನಾದೀತು? ಹುಡುಗ ಒರಟುತನವನ್ನು ಅಭ್ಯಾಸ ಮಾಡುತ್ತಾನೆ, ಹುಡುಗಿ ನಗುವನ್ನು ಬಚ್ಚಿಡುತ್ತಾಳೆ. ಮುಂದೆ ಇದೇ ಇಬ್ಬರು ಒಂದೇ ಕಚೇರಿಯಲ್ಲಿ ಕೆಲಸ ಮಾಡಬೇಕು, ಒಂದೇ ಬಸ್ಸಿನಲ್ಲಿ ಓಡಾಡಬೇಕು, ಬಹುಶಃ ಒಂದೇ ಮನೆಯಲ್ಲಿ ಬಾಳಬೇಕು. ಆದ್ದರಿಂದ ಈ ದೂರನ್ನು ನಕ್ಕು ತಳ್ಳಿಹಾಕದೆ ಪರಿಶೀಲಿಸುವುದು ಅಗತ್ಯವೆನಿಸುತ್ತದೆ.

ಒಳ್ಳೆಯವರಿಗೆ ಕೊನೆಯ ಸ್ಥಾನ ಎಂಬ ಅರ್ಥದ ಇಂಗ್ಲಿಷ್ ನುಡಿಯೊಂದನ್ನು ನಮ್ಮ ಹುಡುಗರು ಆಗಾಗ ಉದ್ಧರಿಸುತ್ತಾರೆ. ಅದರ ಮೂಲ ಪ್ರೇಮದ ವಿಚಾರಕ್ಕೆ ಸೇರಿದ್ದಲ್ಲ. 1946ರಲ್ಲಿ ಬ್ರೂಕ್ಲಿನ್ ಡಾಡ್ಜರ್ಸ್ ಬೇಸ್‌ಬಾಲ್ ತಂಡದ ವ್ಯವಸ್ಥಾಪಕನಾಗಿದ್ದ ಲಿಯೋ ಡ್ಯೂರೋಷರ್, ಎದುರಾಳಿ ನ್ಯೂಯಾರ್ಕ್ ಜೈಂಟ್ಸ್ ತಂಡವನ್ನು ಕುರಿತು, ಅವರೆಲ್ಲ ಒಳ್ಳೆಯವರೇ, ಆದರೆ ಇರುವುದು ಏಳನೆಯ ಸ್ಥಾನದಲ್ಲಿ ಎಂಬರ್ಥದ ಮಾತನ್ನು ಆಡಿದ್ದ. ಬಾಯಿಂದ ಬಾಯಿಗೆ ಹೋಗುತ್ತಾ ಅದು ಮೊನಚಾಗಿ ನುಡಿಗಟ್ಟಾಯಿತು. 1975ರಲ್ಲಿ ಅವನು ತನ್ನ ಆತ್ಮಕಥೆಗೂ ಅದನ್ನೇ ಹೆಸರಾಗಿ ಇಟ್ಟ. ಒಬ್ಬರು ಗೆಲ್ಲಬೇಕಾದರೆ ಇನ್ನೊಬ್ಬರು ಸೋಲಲೇಬೇಕಾದ ಆಟದ ಮಾತದು. ಇಬ್ಬರೂ ಗೆಲ್ಲದಿದ್ದರೆ ಇಬ್ಬರೂ ಸೋಲುವ ಸಂಬಂಧಗಳಿಗೆ ಅದನ್ನು ಹಾಗೆಯೇ ಅನ್ವಯಿಸುವುದು ಎಷ್ಟು ಸರಿ?

ಜನ ತಮ್ಮ ಸಂಗಾತಿಯಲ್ಲಿ ಬಯಸುವುದೇನು ಎಂಬ ಬಗ್ಗೆ ಗಂಭೀರ ಅಧ್ಯಯನಗಳೇ ನಡೆದಿವೆ. ಅಮೆರಿಕದ ಮನಶ್ಶಾಸ್ತ್ರಜ್ಞ ಡೇವಿಡ್ ಬಸ್ 1989ರಲ್ಲಿ ಪ್ರಕಟಿಸಿದ ಅಧ್ಯಯನ 33 ದೇಶಗಳ 37 ಸಮಾಜಗಳಿಗೆ ಸೇರಿದ 10 ಸಾವಿರಕ್ಕೂ ಹೆಚ್ಚು ಜನರನ್ನು ಒಳಗೊಂಡಿತ್ತು. ಭಾರತವೂ ಅದರಲ್ಲಿತ್ತು. ಗಂಡಸರು ರೂಪಕ್ಕೆ, ಹೆಂಗಸರು ಆರ್ಥಿಕ ಭದ್ರತೆಗೆ ಹೆಚ್ಚು ಒತ್ತು ಕೊಡುತ್ತಾರೆ ಎಂಬ ಅದರ ಭಾಗವಷ್ಟೇ ಹೆಚ್ಚು ಪ್ರಚಾರ ಪಡೆಯಿತು. ಆದರೆ ಗಂಡು ಹೆಣ್ಣು ಇಬ್ಬರೂ ಪಟ್ಟಿಯ ತುದಿಯಲ್ಲಿಟ್ಟ ಗುಣಗಳು ಬೇರೆ. ದಯೆ ಮತ್ತು ಅರ್ಥಮಾಡಿಕೊಳ್ಳುವ ಸ್ವಭಾವ ಹಾಗೂ ಬುದ್ಧಿವಂತಿಕೆ ಅಲ್ಲಿದ್ದವು.

ಬಾಯಲ್ಲಿ ದಯೆ ಬೇಕೆನ್ನುವವರು ಆರಿಸಿಕೊಳ್ಳುವಾಗ ಬೇರೆ ಕಡೆ ತಿರುಗುತ್ತಾರಲ್ಲ ಎಂಬ ಆಕ್ಷೇಪ ಸಹಜವಾಗಿಯೇ ಏಳುತ್ತದೆ. ಕೆನಡಾದಲ್ಲಿ ವಿಶ್ವವಿದ್ಯಾಲಯದ ವಿದ್ಯಾರ್ಥಿನಿಯರನ್ನು ಮಾತನಾಡಿಸಿ 1999ರಲ್ಲಿ ಪ್ರಕಟವಾದ ಹೆರಾಲ್ಡ್ ಮತ್ತು ಮಿಲ್‌ಹೌಸನ್ ಅವರ ಅಧ್ಯಯನ ಇಲ್ಲಿ ನೆರವಿಗೆ ಬರುತ್ತದೆ. 'ಒಳ್ಳೆಯ ಹುಡುಗ' ಎಂಬ ಮಾತಿಗೆ ಆ ಹುಡುಗಿಯರೆಲ್ಲ ಒಂದೇ ಅರ್ಥ ಕೊಟ್ಟಿರಲಿಲ್ಲ. ಕೆಲವರಿಗೆ ಅವನು ಸಪ್ಪೆ, ಅಂಜುಬುರುಕ, ಸ್ವಂತ ನಿಲುವಿಲ್ಲದವನು. ಇನ್ನು ಕೆಲವರಿಗೆ ಅವನು ಮಾತಿಗೆ ಕಿವಿಗೊಡುವವನು, ಗೌರವದಿಂದ ನಡೆದುಕೊಳ್ಳುವವನು. ಮೊದಲ ಅರ್ಥದ ಒಳ್ಳೆಯವನು ಬೇಡವಾಗಿದ್ದ, ಎರಡನೆಯವನು ಬೇಕಾಗಿದ್ದ. ಗೊಂದಲವಿದ್ದದ್ದು ಪದದಲ್ಲಿ.

ಅದೃಷ್ಟಕ್ಕೆ ಈ ಗೊಂದಲವನ್ನು ಬಿಡಿಸಬಲ್ಲ ಎರಡು ಪದಗಳು ನಮ್ಮ ಭಾಷೆಯಲ್ಲಿವೆ. ಒಂದು ದಯೆ, ಇನ್ನೊಂದು ದಾಕ್ಷಿಣ್ಯ. ದಯೆ ಎದುರಿಗಿರುವವರ ಕಷ್ಟವನ್ನು ನೋಡುತ್ತದೆ. ದಾಕ್ಷಿಣ್ಯ ನೋಡುವುದು ಎದುರಿಗಿರುವವರ ಮುಖವನ್ನು. ಆ ಮುಖ ಕೆಟ್ಟದಾದೀತೆಂದು ಅದು ಹೆದರುತ್ತದೆ. ಹೊರಗಿನಿಂದ ನೋಡಿದರೆ ಎರಡರ ನಡವಳಿಕೆಯೂ ಒಂದೇ ತೆರನಾಗಿರುವುದರಿಂದ ನಾವು ಎರಡಕ್ಕೂ ಒಳ್ಳೆಯತನ ಎಂಬ ಒಂದೇ ಹಣೆಪಟ್ಟಿ ಹಚ್ಚಿಬಿಡುತ್ತೇವೆ.

ನನ್ನ ಹಿರಿಯ ಸಹೋದ್ಯೋಗಿಯೊಬ್ಬರಿದ್ದರು. ಪರೀಕ್ಷೆಯ ಮೇಲ್ವಿಚಾರಣೆ ಇರಲಿ, ಚುನಾವಣೆ ಕೆಲಸ ಇರಲಿ, 'ನನ್ನ ಬದಲು ನೀವು' ಎಂದು ಯಾರು ಕೇಳಿದರೂ ಅವರು ಹೂಂ ಎನ್ನುತ್ತಿದ್ದರು. ಒಮ್ಮೆ ಪರಿಚಿತನೊಬ್ಬನ ಸಾಲಕ್ಕೆ ಜಾಮೀನು ಸಹಿಯನ್ನೂ ಹಾಕಿದರು. ಸಾಲ ಪಡೆದವನು ಕಂತು ಕಟ್ಟುವುದನ್ನು ನಿಲ್ಲಿಸಿದ. 1872ರ ಭಾರತೀಯ ಕರಾರು ಕಾಯ್ದೆಯ 128ನೇ ಕಲಮಿನ ಪ್ರಕಾರ, ಕರಾರಿನಲ್ಲಿ ಬೇರೆ ಷರತ್ತಿಲ್ಲದಿದ್ದರೆ, ಸಾಲಗಾರನ ಹೊಣೆ ಎಷ್ಟೋ ಜಾಮೀನುದಾರನ ಹೊಣೆಯೂ ಅಷ್ಟೇ. ಹಲವು ವರ್ಷ ಅವರ ಸಂಬಳದಿಂದ ಯಾರದೋ ಸಾಲದ ಕಂತು ಕಡಿತವಾಯಿತು. ಮಗಳ ಓದಿಗೆಂದು ಕೂಡಿಟ್ಟ ಹಣ ಮನೆ ಖರ್ಚಿಗೆ ಹೋಯಿತು. 'ಒಳ್ಳೆಯತನಕ್ಕೆ ಸಿಕ್ಕ ಬಹುಮಾನ ನೋಡಿ' ಎಂದು ಸ್ಟಾಫ್ ರೂಮಿನಲ್ಲಿ ಎಲ್ಲರೂ ಮರುಗಿದೆವು. ಅವರೊಬ್ಬರೇ ಅದನ್ನು ಒಪ್ಪಲಿಲ್ಲ. 'ಒಳ್ಳೆಯತನ ಅಲ್ಲ ಕಣ್ರೀ. ಅವನ ಮೇಲೆ ನನಗೆ ಕರುಣೆ ಏನೂ ಇರಲಿಲ್ಲ. ಇಲ್ಲ ಅನ್ನೋದಕ್ಕೆ ಬಾಯಿ ಬರಲಿಲ್ಲ, ಅಷ್ಟೇ' ಎಂದರು. ಈ ವಿಷಯವನ್ನು ಅದಕ್ಕಿಂತ ಸ್ಪಷ್ಟವಾಗಿ ಹೇಳಿದವರನ್ನು ನಾನು ಕಂಡಿಲ್ಲ.

ಪ್ರೇಮದಲ್ಲಿ ಸೋಲುವುದೂ ಹೆಚ್ಚಾಗಿ ಈ ದಾಕ್ಷಿಣ್ಯವೇ. ಯಾವ ಸಿನಿಮಾಕ್ಕೆ ಹೋಗೋಣ ಎಂದರೆ 'ನಿನಗೆ ಯಾವುದು ಇಷ್ಟವೋ ಅದು'. ಎಲ್ಲಿ ಊಟ ಮಾಡೋಣ ಎಂದರೆ 'ನೀನು ಹೇಳಿದ ಕಡೆ'. ಪ್ರತಿಯೊಂದಕ್ಕೂ ಒಪ್ಪುವವನ ಜತೆ ಕುಳಿತ ಹುಡುಗಿಗೆ ತನ್ನ ಮಾತಿನ ಪ್ರತಿಧ್ವನಿಯಷ್ಟೇ ಕೇಳಿಸುತ್ತದೆ; ಅವನು ಯಾರು ಎಂಬುದು ತಿಳಿಯುವುದೇ ಇಲ್ಲ. ಒರಟನಿಗೆ ಒಂದು ನಿಲುವಾದರೂ ಇದ್ದಂತೆ ತೋರುತ್ತದೆ. ಅವಳನ್ನು ಸೆಳೆಯುವುದು ಆ ನಿಲುವೇ ಹೊರತು ಒರಟುತನವಲ್ಲ ಎಂದು ಭಾವಿಸಲು ಕಾರಣವಿದೆ. ಅಮೆರಿಕದ ಲುಕಶೆವ್ಸ್ಕಿ ಮತ್ತು ರೋನಿ ಎಂಬ ಸಂಶೋಧಕರು 2010ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ ಒಂದು ಸರಳ ಪ್ರಶ್ನೆ ಸೇರಿಸಿದರು: ದಯೆ ಯಾರ ಮೇಲೆ, ಗತ್ತು ಯಾರ ಮೇಲೆ? ತಮ್ಮ ಮೇಲೆ ಮತ್ತು ಮನೆಯವರ ಮೇಲೆ ದಯೆ ಇರಬೇಕೆಂದು ಹೆಂಗಸರು ಬಯಸಿದರು. ಗತ್ತನ್ನು ಅವರು ಮೆಚ್ಚಿದ್ದು ಅದು ಬೇರೆ ಗಂಡಸರ ಎದುರಿಗೆ ವ್ಯಕ್ತವಾಗುವುದಾದರೆ. ತಮ್ಮ ಮೇಲೆಯೇ ದರ್ಪ ತೋರುವವನನ್ನು ಅವರು ಬಯಸಿರಲಿಲ್ಲ. ಹೆಂಡತಿಯನ್ನು ಗದರಿಸುವವನನ್ನೇ ಗಂಡಸು ಎಂದು ತಿಳಿದಿರುವವರು ಇದನ್ನು ಗಮನಿಸಬೇಕು.

ದಾಕ್ಷಿಣ್ಯಕ್ಕಿಂತಲೂ ಅಪಾಯಕಾರಿಯಾದ ಇನ್ನೊಂದು ಬಗೆಯಿದೆ. ಅದು ಬಡ್ಡಿಗೆ ಬಿಟ್ಟ ಒಳ್ಳೆಯತನ. ಅಸೈನ್‌ಮೆಂಟ್ ಬರೆದುಕೊಡುವುದು, ಮಳೆಯಲ್ಲಿ ಹಾಸ್ಟೆಲಿನವರೆಗೆ ಬಿಟ್ಟುಬರುವುದು, ಹುಟ್ಟುಹಬ್ಬಕ್ಕೆ ಕೇಕ್ ತರುವುದು ಎಲ್ಲವೂ ಮನಸ್ಸಿನ ಲೆಕ್ಕದ ಪುಸ್ತಕಕ್ಕೆ ಸೇರುತ್ತಾ ಹೋಗುತ್ತವೆ. ಒಂದು ದಿನ ಅಸಲು ಬಡ್ಡಿ ಸೇರಿಸಿ ಪ್ರೀತಿಯ ರೂಪದಲ್ಲಿ ವಸೂಲಿಗೆ ನಿಲ್ಲುತ್ತಾನೆ. ಹುಡುಗಿಗೆ ತಾನು ಸಾಲ ಪಡೆದಿದ್ದೇ ಗೊತ್ತಿರುವುದಿಲ್ಲ. ಅವಳು ಇಲ್ಲವೆಂದಾಗ 'ಇಷ್ಟೆಲ್ಲ ಮಾಡಿದ್ದಕ್ಕೆ ನನಗೇನು ಸಿಕ್ಕಿತು' ಎಂಬ ಪ್ರಶ್ನೆ ಏಳುತ್ತದೆ. ಅಲ್ಲಿಂದ ಸಿಟ್ಟಿಗೆ ಬಹಳ ದೂರವಿಲ್ಲ. ಬೇಡವೆಂದರೂ ಬೆನ್ನು ಬೀಳುವ ನಾಯಕನಿಗೆ ಕೊನೆಯ ರೀಲಿನಲ್ಲಿ ನಾಯಕಿಯನ್ನು ಬಹುಮಾನವಾಗಿ ಕೊಡುವ ನಮ್ಮ ಸಿನಿಮಾಗಳು ಈ ವಸೂಲಿಗೆ ಸಾಕಷ್ಟು ಧೈರ್ಯ ತುಂಬಿವೆ. ಕಾನೂನು ಅದನ್ನು ಬೇರೆ ಕಣ್ಣಿನಿಂದ ನೋಡುತ್ತದೆ. ಹೆಣ್ಣು ತನಗೆ ಆಸಕ್ತಿಯಿಲ್ಲವೆಂದು ಸ್ಪಷ್ಟಪಡಿಸಿದ ಮೇಲೂ ಮತ್ತೆ ಮತ್ತೆ ಹಿಂಬಾಲಿಸುವುದು, ಸಂಪರ್ಕಿಸುವುದು 2013ರ ತಿದ್ದುಪಡಿಯಿಂದ ಅಪರಾಧವಾಯಿತು. 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ನ್ಯಾಯ ಸಂಹಿತೆಯ 78ನೇ ಕಲಂ ಅದನ್ನು ಮುಂದುವರಿಸಿದೆ.

ಇನ್ನು ಹುಡುಗಿಯರ ದೂರು. ನಗುವಿಗೆ ಬೇರೆ ಅರ್ಥ ಹಚ್ಚುತ್ತಾರೆ ಎಂಬುದು ಅವರ ಕಲ್ಪನೆಯಲ್ಲ. ಆಂಟೋನಿಯಾ ಆಬಿ ಎಂಬ ಮನಶ್ಶಾಸ್ತ್ರಜ್ಞೆ 1982ರಲ್ಲಿ ಪ್ರಕಟಿಸಿದ ಪ್ರಯೋಗದಲ್ಲಿ ಅಪರಿಚಿತ ಹುಡುಗ ಹುಡುಗಿ ಐದು ನಿಮಿಷ ಮಾತನಾಡಿದರು. ಇನ್ನೊಂದು ಜೋಡಿ ಮರೆಯಿಂದ ಅವರನ್ನು ಗಮನಿಸಿತು. ಹುಡುಗಿ ತೋರಿದ ಸಾಮಾನ್ಯ ಸ್ನೇಹಪರತೆಯಲ್ಲಿ ಪುರುಷರು ಲೈಂಗಿಕ ಆಸಕ್ತಿಯನ್ನು ಹೆಚ್ಚಾಗಿ ಕಂಡರು, ಮಹಿಳೆಯರು ಅಷ್ಟಾಗಿ ಕಾಣಲಿಲ್ಲ. ಹೀಗಾಗಿ ಗಂಡಿಗೆ ಒಳ್ಳೆಯತನದಿಂದ ಆಗುವ ನಷ್ಟ ಹೆಚ್ಚೆಂದರೆ ಒಂದು ಕಾಫಿ. ಹೆಣ್ಣು ಮಾತ್ರ ತನ್ನ ಸುರಕ್ಷತೆಯನ್ನೂ ಲೆಕ್ಕಹಾಕಬೇಕಾಗುತ್ತದೆ.

ವಿಪರ್ಯಾಸವೆಂದರೆ ಮದುವೆಯ ಮಾರುಕಟ್ಟೆ ಒಳ್ಳೆಯತನವನ್ನು ಅವಳಿಂದಲೇ ಹೆಚ್ಚು ಕೇಳುತ್ತದೆ. ಪತ್ರಿಕೆಗಳ ವಧೂವರರ ಅಂಕಣ ಓದಿದವರಿಗೆಲ್ಲ ಇದು ಗೊತ್ತು. ವರನ ಮುಂದೆ ಉದ್ಯೋಗ, ಸಂಬಳ, ಸ್ವಂತ ಮನೆ. ವಧುವಿನ ಮುಂದೆ 'ಸೌಮ್ಯ ಸ್ವಭಾವದ, ಹೊಂದಿಕೊಂಡು ಹೋಗುವ'. ಬೆಂಗಳೂರಿನ ಬಸ್ಸಿನಲ್ಲಿ ಎಲ್ಲರಿಗೂ ಅನ್ವಯಿಸುವ 'ಸ್ವಲ್ಪ ಅಡ್ಜಸ್ಟ್ ಮಾಡಿ' ಎಂಬ ಮಾತು ಮನೆಯೊಳಗೆ ಸೊಸೆಗೆ ಮಾತ್ರ ಮೀಸಲಾಗುತ್ತದೆ. 'ಹುಡುಗಿ ಹಸುವಿನಂಥವಳು' ಎಂದು ಹೊಗಳುವಾಗ ನಮ್ಮ ಮನಸ್ಸಿನಲ್ಲಿ ಗೋವಿನ ಹಾಡಿನ ಪುಣ್ಯಕೋಟಿ ಇರುತ್ತಾಳೆ. ಕೊಟ್ಟ ಮಾತಿಗೆ ತಪ್ಪದೆ ಹುಲಿಯ ಬಾಯಿಗೆ ಮರಳಿ ಬಂದವಳು ಅವಳು. ಆದರೆ ಆ ಕಥೆಯಲ್ಲಿ ಪುಣ್ಯಕೋಟಿ ಉಳಿದದ್ದು ಹುಲಿಗೂ ಮನಸ್ಸಾಕ್ಷಿ ಇದ್ದುದರಿಂದ ಎಂಬುದನ್ನು ನಾವು ಮರೆಯುತ್ತೇವೆ. ಮನಸ್ಸಾಕ್ಷಿಯಿಲ್ಲದ ಹುಲಿಯ ಎದುರು ಹಸುವಿಗೆ ಏನು ಹೇಳಿಕೊಡಬೇಕು?

ಇದಕ್ಕೆ ಉತ್ತರ ಅನಿರೀಕ್ಷಿತವಾದ ಕಡೆಯಿಂದ ಬಂತು. 1980ರ ಸುಮಾರಿಗೆ ಅಮೆರಿಕದ ರಾಜ್ಯಶಾಸ್ತ್ರಜ್ಞ ರಾಬರ್ಟ್ ಆಕ್ಸೆಲ್‌ರಾಡ್ ಕಂಪ್ಯೂಟರಿನಲ್ಲಿ ಒಂದು ಪಂದ್ಯಾವಳಿ ಏರ್ಪಡಿಸಿದರು. ಇಬ್ಬಿಬ್ಬರು ಆಟಗಾರರು ಮತ್ತೆ ಮತ್ತೆ ಎದುರಾಗುತ್ತಾರೆ. ಪ್ರತಿ ಸಲವೂ ಸಹಕರಿಸಬಹುದು, ಇಲ್ಲವೇ ಕೈಕೊಡಬಹುದು. ಕೈಕೊಟ್ಟವನಿಗೆ ಆ ಗಳಿಗೆಯಲ್ಲಿ ಲಾಭ, ಇಬ್ಬರೂ ಕೈಕೊಟ್ಟರೆ ಇಬ್ಬರಿಗೂ ನಷ್ಟ. ವಿದ್ವಾಂಸರು ಜಟಿಲವಾದ ತಂತ್ರಗಳನ್ನು ಬರೆದು ಕಳುಹಿಸಿದರು. ಗೆದ್ದದ್ದು ಅನಟೋಲ್ ರಪಪೋರ್ಟ್ ಕಳುಹಿಸಿದ ಅತ್ಯಂತ ಸರಳ ತಂತ್ರ. ಮೊದಲ ಸಲ ಸಹಕರಿಸು. ಆಮೇಲೆ ಎದುರಾಳಿ ಹಿಂದಿನ ಸಲ ಮಾಡಿದ್ದನ್ನೇ ಮಾಡು. ಫಲಿತಾಂಶವನ್ನು ತಿಳಿಸಿ ಎರಡನೆಯ ಸುತ್ತಿಗೆ ಕರೆದಾಗ 62 ತಂತ್ರಗಳು ಬಂದವು. ಆಗಲೂ ಅದೇ ಗೆದ್ದಿತು. ಮೊದಲ ಸುತ್ತಿನ ಮೊದಲ ಎಂಟು ಸ್ಥಾನ ಪಡೆದ ತಂತ್ರಗಳೆಲ್ಲವೂ ತಾವಾಗಿ ಮೊದಲು ಕೈಕೊಡದಂಥವು ಎಂದು ಆಕ್ಸೆಲ್‌ರಾಡ್ 1984ರ ತಮ್ಮ ಪುಸ್ತಕದಲ್ಲಿ ವಿವರಿಸಿದ್ದಾರೆ.

ನಮ್ಮ ನುಡಿಗಟ್ಟಿನಲ್ಲಿ ಹೇಳುವುದಾದರೆ ಅದು ಸೇರಿಗೆ ಸವ್ವಾಸೇರು ಅಲ್ಲ, ಸೇರಿಗೆ ಸೇರು ಮಾತ್ರ. ಮೊದಲು ಒಳ್ಳೆಯದಾಗಿ ನಡೆದುಕೊಳ್ಳುವುದು, ಮೋಸವಾದರೆ ಸುಮ್ಮನಿರದಿರುವುದು, ಎದುರಾಳಿ ಸರಿದಾರಿಗೆ ಬಂದರೆ ಹಳೆಯದನ್ನು ಸಾಧಿಸದಿರುವುದು. ಒಮ್ಮೊಮ್ಮೆ ತಪ್ಪು ತಿಳಿವಳಿಕೆಯಿಂದಲೂ ಜಗಳ ಹುಟ್ಟುವುದರಿಂದ, ಆಗಾಗ ಒಂದು ತಪ್ಪನ್ನು ಮನ್ನಿಸಿಬಿಡುವ ತಂತ್ರ ಇನ್ನೂ ಮೇಲು ಎಂದು 1992ರಲ್ಲಿ ನೋವಾಕ್ ಮತ್ತು ಸಿಗ್ಮಂಡ್ ತೋರಿಸಿಕೊಟ್ಟರು. ದಯೆಗೆ ಬೆನ್ನೆಲುಬು ಬೇಕು, ಬೆನ್ನೆಲುಬಿಗೆ ಸ್ವಲ್ಪ ಬಾಗುವ ಗುಣವೂ ಇರಬೇಕು ಎಂದು ನಮ್ಮ ಹಿರಿಯರು ಹೇಳಬಹುದಾಗಿದ್ದ ಮಾತಿಗೆ ಗಣಿತದ ಬೆಂಬಲ ಸಿಕ್ಕಂತಾಯಿತು.

ಆದರೆ ಈ ಲೆಕ್ಕಾಚಾರ ನಿಜವಾಗಬೇಕಾದರೆ ಒಂದು ಷರತ್ತಿದೆ. ಆಟಗಾರರು ಮತ್ತೆ ಮತ್ತೆ ಭೇಟಿಯಾಗಬೇಕು. ಒಂದೇ ಭೇಟಿಯ ಆಟದಲ್ಲಿ ಕೈಕೊಟ್ಟವನೇ ಗೆಲ್ಲುತ್ತಾನೆ. ಇಂದಿನ ಮಹಾನಗರದ ತೊಡಕು ಇರುವುದು ಇಲ್ಲಿ. ಊರಿನಲ್ಲಿ ಒಬ್ಬನ ಗುಣ ನಾಲ್ಕು ಬೀದಿಗೆ ಗೊತ್ತಿರುತ್ತಿತ್ತು. 2012ರಲ್ಲಿ ಟಿಂಡರ್ ಬಂದ ಮೇಲೆ ಜನಪ್ರಿಯವಾದ ಡೇಟಿಂಗ್ ಆ್ಯಪ್‌ಗಳಲ್ಲಿ ಗೊತ್ತಾಗುವುದು ಮುಖವಷ್ಟೇ. ಬೆರಳು ಸರಿಸುವಷ್ಟರಲ್ಲಿ ತೀರ್ಮಾನವಾಗುವ ಕಡೆ ರೂಪಕ್ಕೆ, ಮಾತಿನ ಚುರುಕಿಗೆ ಬೆಲೆ ಇರುತ್ತದೆ. ದಯೆ ಫೋಟೊದಲ್ಲಿ ಕಾಣಿಸುವುದಿಲ್ಲ. ಅದು ಗೊತ್ತಾಗಲು ಕಾಲ ಬೇಕು. 167 ಜೋಡಿಗಳನ್ನು ಕುರಿತ 2015ರ ಅಮೆರಿಕದ ಅಧ್ಯಯನವೊಂದು ಇದಕ್ಕೆ ಪೂರಕವಾಗಿದೆ. ಪರಿಚಯವಾದ ಕೂಡಲೇ ಪ್ರೇಮಿಗಳಾದವರಲ್ಲಿ ಇಬ್ಬರ ರೂಪವೂ ಹೆಚ್ಚುಕಡಿಮೆ ಸಮನಾಗಿತ್ತು. ಬಹಳ ಕಾಲ ಪರಿಚಿತರಾಗಿದ್ದು ಆಮೇಲೆ ಪ್ರೀತಿಸಿದವರಲ್ಲಿ ಆ ಹೊಂದಾಣಿಕೆ ಕಡಿಮೆಯಾಗಿತ್ತು. ಕಾಲ ಕಳೆದಂತೆ ಜನ ಮುಖವನ್ನು ಬಿಟ್ಟು ಬೇರೇನನ್ನೋ ನೋಡತೊಡಗುತ್ತಾರೆ ಎಂದಾಯಿತು. ಹಾಗಾಗಿ ಕಾಫಿಗೆ ಯಾರೂ ಬರುವುದಿಲ್ಲವೆಂದು ಕೊರಗುವ ಹುಡುಗನಿಗೆ ನಾನು ಹೇಳುವುದಿಷ್ಟು: ನಿನ್ನ ಗುಣ ಕಾಣುವಂಥ ಕಡೆ ಕಾಲ ಕಳೆ. ನಾಟಕದ ತಂಡವಿರಲಿ, ಚಾರಣದ ಗುಂಪಿರಲಿ, ರಕ್ತದಾನ ಶಿಬಿರವಿರಲಿ, ಜನ ಮತ್ತೆ ಮತ್ತೆ ಸೇರುವ ಕಡೆ ಹೋಗು. ವಸೂಲಿಗೆಂದು ಮಾತ್ರ ಹೋಗಬೇಡ.

ಒಳ್ಳೆಯತನಕ್ಕೆ ಎಲ್ಲಿಯೂ ಬೆಲೆ ತೆರಬೇಕಾಗಿಲ್ಲ ಎಂದರೆ ಅದು ಸುಳ್ಳಾಗುತ್ತದೆ. ಸಂಬಳದ ವಿಷಯದಲ್ಲಿ ಹೊಂದಿಕೊಳ್ಳುವ ಸ್ವಭಾವದವರು ಹಿಂದೆ ಬೀಳುತ್ತಾರೆ, ಗಂಡಸರಲ್ಲಿ ಈ ಅಂತರ ಇನ್ನೂ ದೊಡ್ಡದು ಎಂದು ಅಮೆರಿಕದಲ್ಲಿ 2012ರಲ್ಲಿ ಪ್ರಕಟವಾದ ಅಧ್ಯಯನ ಹೇಳಿದೆ. ಕೇಳದವನಿಗೆ ಬಡ್ತಿ ಬರುವುದಿಲ್ಲ ಎಂಬುದು ನಮ್ಮ ಕಚೇರಿಗಳ ಅನುಭವವೂ ಹೌದು. ಹಾಗೆಂದು ಒರಟುತನ ಮೇಲೇರುವ ಏಣಿಯೂ ಅಲ್ಲ. ಬರ್ಕ್ಲಿಯ ಸಂಶೋಧಕರು ವಿದ್ಯಾರ್ಥಿ ದೆಸೆಯಲ್ಲಿ ಸ್ವಭಾವ ಅಳೆದಿದ್ದವರನ್ನು ಸುಮಾರು 14 ವರ್ಷಗಳ ನಂತರ ಮತ್ತೆ ಸಂಪರ್ಕಿಸಿ, 2020ರಲ್ಲಿ ಫಲಿತಾಂಶ ಪ್ರಕಟಿಸಿದರು. ಸ್ವಾರ್ಥಿಗಳು, ಜಗಳಗಂಟರು ಇತರರಿಗಿಂತ ಹೆಚ್ಚಿನ ಅಧಿಕಾರಕ್ಕೇನೂ ಏರಿರಲಿಲ್ಲ. ಮುನ್ನುಗ್ಗುವ ಸ್ವಭಾವ ತಂದುಕೊಟ್ಟ ಲಾಭವನ್ನು ಹದಗೆಟ್ಟ ಸಂಬಂಧಗಳು ತಿಂದುಹಾಕಿದ್ದವು.

ಆದ್ದರಿಂದ ಮಕ್ಕಳಿಗೆ 'ಇಷ್ಟೊಂದು ಒಳ್ಳೆಯವನಾಗಬೇಡ' ಎಂದು ಉಪದೇಶಿಸುವುದನ್ನು ನಾವು ನಿಲ್ಲಿಸಬೇಕು. ಅವರಿಗೆ ಕಲಿಸಬೇಕಾದದ್ದು ಎರಡು. ನೋಯಿಸದೆ ಇಲ್ಲ ಎನ್ನುವುದು ಒಂದು, ನೊಂದುಕೊಂಡರೂ ಸೇಡಿಗೆ ಇಳಿಯದೆ ಇಲ್ಲ ಎಂಬುದನ್ನು ಕೇಳಿಸಿಕೊಳ್ಳುವುದು ಇನ್ನೊಂದು. ಮೊದಲನೆಯದನ್ನು ಹೆಣ್ಣುಮಕ್ಕಳಿಗೂ ಎರಡನೆಯದನ್ನು ಗಂಡುಮಕ್ಕಳಿಗೂ ತುಸು ಹೆಚ್ಚೇ ಕಲಿಸಬೇಕಾಗಿದೆ. ಇದು ಕಾಲೇಜಿನಲ್ಲಿ ಶುರುವಾಗುವ ಪಾಠವಲ್ಲ. ನೆಂಟರ ಮುಂದೆ ಹಾಡಲು ಇಷ್ಟವಿಲ್ಲವೆಂದ ಐದು ವರ್ಷದ ಮಗುವಿನ ಮಾತನ್ನು ಮನೆಯವರು ಒಪ್ಪಿಕೊಂಡಾಗಲೇ ಅದು ಆರಂಭವಾಗುತ್ತದೆ.

ಉಳಿದವರ ಪಾಲಿನ ಕೆಲಸವೂ ಒಂದಿದೆ. ಕಚೇರಿಯಲ್ಲಿ ಎಲ್ಲರ ಕೆಲಸ ಹೊರುವವನನ್ನು, ಮನೆಯಲ್ಲಿ ಎಲ್ಲದಕ್ಕೂ ಹೊಂದಿಕೊಳ್ಳುವವಳನ್ನು ಕಂಡು 'ಪಾಪ' ಎಂದು ಲೊಚಗುಟ್ಟುವುದು ಸುಲಭ. ಅದರಿಂದ ಅವರ ಹೊರೆ ಒಂದು ಗುಲಗಂಜಿಯಷ್ಟೂ ಇಳಿಯುವುದಿಲ್ಲ. 'ಈ ಸಲ ಅವರನ್ನು ಬಿಡಿ, ಈ ಕೆಲಸ ನಾನು ಮಾಡುತ್ತೇನೆ' ಎಂದು ಪಕ್ಕದಲ್ಲಿದ್ದವರು ಬಾಯಿಬಿಟ್ಟು ಹೇಳಿದರೆ ಇಳಿಯುತ್ತದೆ.